ಬೆರಳಕ್ಕ ಉಳಿಸಿದ ಹುಂಜಗಳು

ಬೆರಳಕ್ಕ ಅನ್ನುವ ಹೆಸರು ಅವಳಿಗೆ ಸುಮ್ಮನೆ ಬಂದದ್ದಲ್ಲ. ಮೊಟ್ಟೆಯೊಡೆದು ಬಂದು ಒಂದು ದಿನವೂ ತುಂಬದ ಕೋಳಿಮರಿಯನ್ನು ಎಡಗೈಯಲ್ಲಿ ಎತ್ತಿ, ಬಲಗೈಯ ಎರಡು ಬೆರಳಲ್ಲಿ ರೆಕ್ಕೆ ಬಿಡಿಸಿ, ದೀಪದ ಕೆಳಗೆ ಒಂದು ನೋಟ ಹಾಯಿಸಿದಳೆಂದರೆ ಮುಗಿಯಿತು. ಅದು ಹೇಂಟೆಯೋ ಹುಂಜವೋ ಅವಳಿಗೆ ಗೊತ್ತಾಗುತ್ತಿತ್ತು. ರೆಕ್ಕೆಯಂಚಿನ ಗರಿಗಳು ಒಂದು ಉದ್ದ ಒಂದು ಗಿಡ್ಡ ಇದ್ದರೆ ಹೇಂಟೆ, ಎಲ್ಲ ಸರಿಸಮ ಇದ್ದರೆ ಹುಂಜ. ಹೇಳುವುದಕ್ಕೆ ಇಷ್ಟೇ. ಮಾಡಿ ನೋಡಿ ಆಮೇಲೆ ಮಾತಾಡಿ! ಮೊಟ್ಟೆಗೆ ಕಾವು ಕೊಟ್ಟು ಮರಿ ಮಾಡುವ ಆ ಹ್ಯಾಚರಿಗೆ ಹೊಸದಾಗಿ ಬಂದ ಹುಡುಗಿಯರು ಒಂದು ಮರಿಯ ರೆಕ್ಕೆ ಹುಡುಕುವಷ್ಟರಲ್ಲಿ ಬೆರಳಕ್ಕ ಒಂದು ಸಾಲನ್ನೇ ಮುಗಿಸಿ, ತಣ್ಣಗಾದ ಟೀಯನ್ನೂ ಕುಡಿದು, ಅವರಿಗೆ ನಾಲ್ಕು ಬೈಗುಳವನ್ನೂ ಕೊಟ್ಟಿರುತ್ತಿದ್ದಳು.

ಅವಳ ಮೇಜಿನ ಬಲಕ್ಕೆ ಹಳದಿ ಟ್ರೇ, ಎಡಕ್ಕೆ ನೀಲಿ ಕ್ರೇಟು. ಹೇಂಟೆಗಳು ಹಳದಿ ಟ್ರೇಗೆ ಹೋಗಿ, ಅಲ್ಲಿಂದ ವ್ಯಾನು ಹತ್ತಿ, ಮೊಟ್ಟೆ ಮಾರುವವರ ಶೆಡ್ಡು ಸೇರುತ್ತಿದ್ದವು. ಹುಂಜಗಳು ನೀಲಿ ಕ್ರೇಟಿಗೆ ಬಿದ್ದು ಪಕ್ಕದ ಕೋಣೆಗೆ ಹೋಗುತ್ತಿದ್ದವು. ಆ ಕೋಣೆಯಲ್ಲಿ ಒಂದು ಯಂತ್ರವಿತ್ತು. ಮೊಟ್ಟೆಗಾಗಿ ಬೆಳೆಸಿದ ಆ ತಳಿಯ ಹುಂಜ ಮೊಟ್ಟೆ ಇಡದು, ಮೈಯಲ್ಲಿ ಮಾಂಸ ಹತ್ತದು. ಸಾಕಿದವನಿಗೆ ಮೇವು ದಂಡ. ಹಾಗಾಗಿ ಹುಟ್ಟಿದ ದಿನವೇ ಅವುಗಳ ಕತೆ ಮುಗಿಯುತ್ತಿತ್ತು. ಹೊರಗಿನವರು ಯಾರಾದರೂ ಕೇಳಿ ಅಯ್ಯೋ ಅಂದರೆ ಮೇಸ್ತ್ರಿ ನಗುತ್ತಿದ್ದ: "ಕೋಳಿ ಕೇಳಿ ಯಾರಾದ್ರೂ ಮಸಾಲೆ ಅರೀತಾರಾ ಸ್ವಾಮಿ?"

ಬೆರಳಕ್ಕನೂ ಅಷ್ಟು ವರ್ಷ ಇದನ್ನು ಯೋಚಿಸಿದವಳಲ್ಲ. ಯೋಚಿಸುವುದಕ್ಕೆ ಪುರುಸೊತ್ತಾದರೂ ಎಲ್ಲಿತ್ತು? ಅವಳ ಗಂಡ ಅದೇ ಹ್ಯಾಚರಿಯಲ್ಲಿ ವ್ಯಾನು ಓಡಿಸುತ್ತಿದ್ದ. ಮಹಾ ಮಾತುಗಾರ, ಕಂಡಕಂಡವರಿಗೆಲ್ಲ ಅಡ್ಡಹೆಸರಿಡುವ ಆಸಾಮಿ. 'ಬೆರಳಕ್ಕ' ಅಂತ ಮೊದಲು ಕರೆದವನು ಅವನೇ. ಕಟ್ಟಿಕೊಂಡ ಹೆಂಡತಿಯನ್ನು ಅಕ್ಕ ಅಂತೀಯಲ್ಲೋ ಅಂತ ಎಲ್ಲರೂ ನಕ್ಕರೂ ಬಿಡಲಿಲ್ಲ. ಹೆಂಡತಿಯ ತಂಗಿಗೆ 'ಸೂಜಿ' ಅಂತ ಇಟ್ಟ. ಅವಳು ಬಟ್ಟೆ ಹೊಲಿಯುತ್ತಿದ್ದಳು, ನಾಲಿಗೆಯೂ ಚೂಪಾಗಿತ್ತು. ಗಂಡ ಬಿಟ್ಟುಹೋದ ಸೂಜಿಯನ್ನು "ನಮ್ಮನೇಲಿ ಒಂದು ತಟ್ಟೆ ಜಾಸ್ತಿ ಇದೆ, ಬಾ" ಅಂತ ಕರೆತಂದು ಇಟ್ಟುಕೊಂಡವನೂ ಅವನೇ. ಮಕ್ಕಳಿಲ್ಲದ ಆ ಮನೆಯ ಎರಡು ಕೋಣೆಗಳಲ್ಲಿ ಮೂರು ಜನ ಜಗಳವಾಡಿಕೊಂಡು ಸುಖವಾಗಿದ್ದರು.

ಆಮೇಲೆ ಅವನಿಗೆ ಶ್ವಾಸಕೋಶ ಕೆಟ್ಟಿತು. ಆಸ್ಪತ್ರೆಯ ಕೊನೆಯ ವಾರ್ಡಿನಲ್ಲಿ, ಇನ್ನು ಔಷಧ ನಾಟದು ಅನ್ನುವವರನ್ನು ಮಲಗಿಸುವ ಕಡೆ, ಅವನನ್ನು ಮಲಗಿಸಿದರು. ಅಲ್ಲಿಗೆ ಒಬ್ಬ ಬೌದ್ಧ ಭಿಕ್ಷುಣಿ ಬರುತ್ತಿದ್ದಳು. ವಯಸ್ಸಾದ ಹೆಂಗಸು, ಬೋಳಿಸಿದ ತಲೆ, ಮಾಸಿದ ಕಾವಿ ಬಟ್ಟೆ. ಉಪದೇಶ ಗಿಪದೇಶ ಏನಿಲ್ಲ. ರೋಗಿಗಳ ಉಗುರು ಕತ್ತರಿಸುತ್ತಿದ್ದಳು, ಬೆನ್ನು ಒರೆಸುತ್ತಿದ್ದಳು, ಸುಮ್ಮನೆ ಪಕ್ಕದಲ್ಲಿ ಕೂರುತ್ತಿದ್ದಳು. ಅವಳನ್ನು ಮೊದಲ ಸಲ ಕಂಡಾಗ ಅವನು ಏದುಸಿರಲ್ಲೇ ಹೆಂಡತಿಗೆ ಹೇಳಿದ್ದ, "ನಮ್ಮ ಹ್ಯಾಚರಿಯಿಂದ ತಪ್ಪಿಸಿಕೊಂಡ ಮೊಟ್ಟೆ ನೋಡೇ ಇಲ್ಲಿ!" ಬೆರಳಕ್ಕ ನಾಚಿಕೆಯಿಂದ ಸತ್ತುಹೋದಳು. ಭಿಕ್ಷುಣಿ ಮಾತ್ರ ಹೊಟ್ಟೆ ಹಿಡಿದುಕೊಂಡು ನಕ್ಕಳು. ಅವನ ಕೊನೆಯುಸಿರಿನ ಹೊತ್ತಿಗೆ ಒಂದು ಕೈಯನ್ನು ಹೆಂಡತಿ ಹಿಡಿದಿದ್ದರೆ ಇನ್ನೊಂದನ್ನು ಹಿಡಿದಿದ್ದವಳು ಅವಳೇ.

ಗಂಡ ಹೋದ ಮೇಲೆ ಬೆರಳಕ್ಕನಿಗೆ ರಜೆಯ ದಿನ ಮನೆಯಲ್ಲಿ ಕೂರಲು ಆಗುತ್ತಿರಲಿಲ್ಲ. ಟೈರ್ ಅಂಗಡಿಯ ಮೇಲಿನ ಮಹಡಿಯಲ್ಲಿ ಆ ಭಿಕ್ಷುಣಿಯ ಒಂದು ಕೋಣೆಯಿತ್ತು. ಅಲ್ಲಿ ಹೋಗಿ ಗೋಡೆಗೊರಗಿ ಕೂತು ಬರುತ್ತಿದ್ದಳು. ಕೂತು ಕೂತು ಒಂದು ದಿನ, ಅಲ್ಲಿಗೆ ಬರುತ್ತಿದ್ದ ನಾಲ್ಕಾರು ಜನರ ಜೊತೆ ತಾನೂ ಐದು ಶೀಲಗಳನ್ನು ತೆಗೆದುಕೊಂಡಳು. ಜೀವ ತೆಗೆಯುವುದಿಲ್ಲ, ಕೊಡದಿದ್ದನ್ನು ಮುಟ್ಟುವುದಿಲ್ಲ, ಮೈಯಾಸೆಗೆ ಬಿದ್ದು ಯಾರನ್ನೂ ನೋಯಿಸುವುದಿಲ್ಲ, ಸುಳ್ಳಾಡುವುದಿಲ್ಲ, ಬುದ್ಧಿಗೆಡಿಸುವ ಅಮಲು ಸೇವಿಸುವುದಿಲ್ಲ.

"ಮೂರನೇದು, ಐದನೇದು ನನಗೆ ಬಿಟ್ಟಿ ಬಂದ ಹಾಗಾಯ್ತು" ಅಂತ ಮನೆಗೆ ಬಂದು ತಂಗಿಯ ಹತ್ತಿರ ಹೇಳಿದಳು.

"ನಾಲ್ಕನೇದು ಕಷ್ಟ ಕಣೆ" ಅಂದಳು ಸೂಜಿ. "ನನ್ನ ಅಡುಗೆ ಹೇಗಿದೆ ಅಂತ ಇನ್ಮೇಲೆ ಕೇಳಲ್ಲ ಬಿಡು."

ಕಷ್ಟವಾದದ್ದು ಮೊದಲನೆಯದು. ಮರುದಿನ ಮೇಜಿಗೆ ಕೂತು ಮೊದಲ ಹುಂಜವನ್ನು ಎಡಕ್ಕೆ ಹಾಕುವಾಗ ಅವಳ ಕೈ ಒಂದು ಕ್ಷಣ ನಿಂತಿತು. ಅಂಗೈಯಲ್ಲಿ ಬೆಚ್ಚಗೆ ಕೂತಿದ್ದ ಮರಿ ಕೂಗುವುದನ್ನು ನಿಲ್ಲಿಸಿ ಕಣ್ಣು ಮುಚ್ಚಿತ್ತು. ಇಷ್ಟು ವರ್ಷವೂ ಹೀಗೇ ಕಣ್ಣು ಮುಚ್ಚುತ್ತಿದ್ದವೇನೋ, ಅವಳು ನೋಡಿದ್ದು ರೆಕ್ಕೆಯನ್ನು ಮಾತ್ರ. ಮುಂದಿನ ರಜೆಯ ದಿನ ಓಡಿಹೋಗಿ ಕೇಳಿದಳು.

"ಅಮ್ಮಾ, ನಾನು ಕೊಲ್ಲಲ್ಲ. ಬೇರೆ ಬೇರೆ ಮಾಡ್ತೀನಿ ಅಷ್ಟೇ. ಕೊಲ್ಲೋದು ಪಕ್ಕದ ಕೋಣೆಯವನು. ನನಗೆ ಪಾಪ ಇದೆಯಾ?"

ಭಿಕ್ಷುಣಿ ಹೇಳಿದಳು, "ಪಕ್ಕದ ಕೋಣೆಯವನನ್ನ ಕೇಳಿದ್ರೆ, ನಾನು ಬಟನ್ ಒತ್ತುತ್ತೀನಿ ಅಷ್ಟೇ ಅಂತಾನೆ. ಮಾಲೀಕ, ನಾನು ಆ ಕೋಣೆಗೇ ಹೋಗಲ್ಲ ಅಂತಾನೆ. ಮೊಟ್ಟೆ ತಿನ್ನೋನು, ನಾನು ಮೊಟ್ಟೆ ತಿಂತೀನಿ ಅಷ್ಟೇ ಅಂತಾನೆ. ಈಗಿನ ಕಾಲದಲ್ಲಿ ಕೊಲ್ಲೋರು ಅಂತ ಯಾರೂ ಸಿಗಲ್ಲ ತಾಯಿ, ಎಲ್ಲರೂ ಆ ಕೊಲೇನ ಚೂರುಚೂರು ಮಾಡಿಕೊಂಡು ಹಂಚಿಕೊಂಡುಬಿಟ್ಟಿದೀವಿ."

"ಹಾಗಾದ್ರೆ ಏನು ಮಾಡ್ಲಿ?"

"ಬೇರೆ ದಾರಿ ಇದ್ರೆ ಈ ಕೆಲಸ ಬಿಡು. ಬಿಡೋಕಾಗಲ್ಲ ಅಂದ್ರೆ, ಏನು ಮಾಡ್ತಿದೀಯೋ ಅದನ್ನ ಕಣ್ಣು ಬಿಟ್ಟು ನೋಡ್ಕೊಂಡು ಮಾಡು, ದಾರಿ ಹುಡುಕ್ತಾ ಇರು. ಆದ್ರೆ ಒಂದು. ಕದ್ದುಮುಚ್ಚಿ ಮಾತ್ರ ಏನೂ ಮಾಡ್ಬೇಡ."

ಬಿಡಲು ಆಗುತ್ತಿರಲಿಲ್ಲ. ಸೂಜಿ ಆಗಷ್ಟೇ ಹೊಲಿಗೆ ಕಾರ್ಖಾನೆಯನ್ನು ಬಿಟ್ಟಿದ್ದಳು. ದಿನವಿಡೀ ಬಗ್ಗಿ ಬಗ್ಗಿ ಅವಳ ಬೆನ್ನು ಹೋಗಿತ್ತು. ತನ್ನ ಸ್ವಂತದ ಹೊಲಿಗೆ ಯಂತ್ರವನ್ನೂ ಮಾರಿ, ಮನೆಯ ಹಿಂದಿನ ಖಾಲಿ ಜಾಗದಲ್ಲಿ ತಗಡಿನ ಶೆಡ್ಡು ಹಾಕಿಸುತ್ತಿದ್ದಳು. ಕೋಳಿ ಸಾಕುತ್ತಾಳಂತೆ, ಮೊಟ್ಟೆ ಮಾರುತ್ತಾಳಂತೆ, ಇನ್ನು ಯಾವ ಮೇಸ್ತ್ರಿಯ ಮುಂದೂ ಕೈಕಟ್ಟಿ ನಿಲ್ಲುವುದಿಲ್ಲವಂತೆ. ಬೇಕರಿಯವನೊಬ್ಬ ದಿನಾ ಇಷ್ಟು ಮೊಟ್ಟೆ ತೆಗೆದುಕೊಳ್ಳುತ್ತೇನೆ ಅಂತ ಮಾತು ಕೊಟ್ಟಿದ್ದ. ಅಲ್ಲಿಯವರೆಗೆ ಮನೆ ನಡೆಯಬೇಕಾದದ್ದು ಅಕ್ಕನ ಬೆರಳಿನ ಮೇಲೆ. ಅತ್ತ ದರಿ, ಇತ್ತ ಪುಲಿ.

ಹೀಗಿರುವಾಗ ಒಂದು ದಿನ ಬೆರಳಕ್ಕ ಒಂದು ಹುಂಜವನ್ನು ಬಲಕ್ಕೆ ಹಾಕಿದಳು. ಕೈತಪ್ಪಿ ಅಲ್ಲ, ಬೇಕೆಂದೇ. ಹಳದಿ ಟ್ರೇಯಲ್ಲಿ ಅದು ಉಳಿದ ಮರಿಗಳ ನಡುವೆ ನುಗ್ಗಿ ಮರೆಯಾಯಿತು. ಅವಳ ಎದೆ ಹಗುರಾಯಿತು ನೋಡಿ, ಗಂಡ ಹೋದ ಮೇಲೆ ಅಷ್ಟು ಹಗುರಾದದ್ದೇ ಇಲ್ಲ. ಸಾವಿರಾರು ಮರಿಗಳಲ್ಲಿ ಒಂದೆರಡು ತಪ್ಪುವುದು ಎಲ್ಲರ ಕೈಯಲ್ಲೂ ಇದ್ದದ್ದೇ. ಯಾರಿಗೆ ಏನು ನಷ್ಟ? ಮಾರನೇ ದಿನ ಎರಡು. ಆಮೇಲೆ ಟ್ರೇಗೆ ಒಂದೊಂದು. ಬೇರೆಯವರ ಟ್ರೇಗಳನ್ನು ಮೇಸ್ತ್ರಿ ಆಗಾಗ ತೆಗೆದು ಪರೀಕ್ಷೆ ಮಾಡುತ್ತಿದ್ದ, ಇವಳದನ್ನು ಮುಟ್ಟುತ್ತಿರಲಿಲ್ಲ. ಬೆರಳಕ್ಕನ ಟ್ರೇ ಅಂದರೆ ಕಣ್ಣು ಮುಚ್ಚಿಕೊಂಡು ಮುಚ್ಚಳ ಹಾಕಬಹುದು ಅನ್ನುವುದು ಅಲ್ಲಿ ಗಾದೆಮಾತೇ ಆಗಿತ್ತು. ಅವಳ ಮರಿಗಳು ಉಳಿದವರ ಮರಿಗಳ ಜೊತೆ ಬೆರೆತು ಹತ್ತು ಕಡೆಗೆ ಚದುರಿ ಹೋಗುತ್ತಿದ್ದುದರಿಂದ ದೂರು ಕೊಡುವಷ್ಟು ನಷ್ಟ ಯಾರಿಗೂ ಆಗಲಿಲ್ಲ. ಇದು ಕದ್ದುಮುಚ್ಚಿ ಮಾಡುವ ಕೆಲಸವೇ ಅಲ್ಲವೇ ಅಂತ ಒಳಗೊಂದು ದನಿ ಕೇಳುತ್ತಿತ್ತು. ಜೀವ ಉಳಿಸುವುದು ಕಳ್ಳತನ ಹೇಗಾದೀತು ಅಂತ ಅದರ ಬಾಯಿ ಮುಚ್ಚಿಸುತ್ತಿದ್ದಳು. ಟೈರ್ ಅಂಗಡಿಯ ಮಹಡಿಗೆ ಹೋಗುವುದನ್ನು ಮಾತ್ರ ಕಡಿಮೆ ಮಾಡಿದಳು.

ಗಂಡ ಹೋಗಿ ವರ್ಷ ತುಂಬಿದ ದಿನವೂ ಅವಳು ರಜೆ ಹಾಕಲಿಲ್ಲ. ಆ ದಿನ ಅವಳ ಕೈಗೆ ಹಿಡಿತವೇ ಇರಲಿಲ್ಲ. ಬೆಳಗಿನಿಂದಲೂ ಕಣ್ಣಲ್ಲಿ ನೀರು ತುಂಬುತ್ತಿತ್ತು. ಇವತ್ತು ಅವರ ಹೆಸರಲ್ಲಿ ಆದಷ್ಟು ಉಳಿಸುತ್ತೇನೆ ಅಂದುಕೊಂಡಳು. ಹುಂಜಗಳಲ್ಲಿ ಎಡಕ್ಕೆ ಒಂದು ಹಾಕಿದರೆ ಬಲಕ್ಕೆ ಎರಡು ಹಾಕಿದಳು. ಸಂಜೆಯ ಹೊತ್ತಿಗೆ ಅವಳ ಹಳದಿ ಟ್ರೇಗಳಲ್ಲಿ ಹೆಚ್ಚುಕಡಿಮೆ ಹೇಂಟೆಯಷ್ಟೇ ಹುಂಜ. ಮನೆಗೆ ಹೋಗುವಾಗ, ಅಳುತ್ತಲೇ ಆದರೂ, ಒಂದು ದೊಡ್ಡ ಕೆಲಸ ಮಾಡಿದೆ ಅನ್ನುವ ಸಮಾಧಾನವಿತ್ತು.

ಮನೆಯ ಹಿಂದೆ ಶೆಡ್ಡಿನ ದೀಪ ಉರಿಯುತ್ತಿತ್ತು. ಬಾಗಿಲಲ್ಲಿ ಸೂಜಿ ಮುಖವರಳಿಸಿಕೊಂಡು ನಿಂತಿದ್ದಳು.

"ನಿನಗೆ ಹೇಳ್ದೆ ತರಿಸಿದೆ ಅಕ್ಕಾ! ಭಾವ ಹೋದ ದಿನವೇ ಶುರು ಮಾಡಣ ಅನ್ನಿಸ್ತು, ಅವರಿದ್ದಿದ್ರೆ ವ್ಯಾನಲ್ಲಿ ತಾವೇ ತಂದು ಇಳಿಸೋರು. ಮೇಸ್ತ್ರಿ ಹತ್ರ ಕಡ್ಡಿ ಮುರಿದ ಹಾಗೆ ಹೇಳ್ದೆ, ಬೇರೆ ಯಾರದ್ದೂ ಬೇಡ, ನಮ್ಮಕ್ಕನ ಮೇಜಿನ ಟ್ರೇಗಳೇ ಬೇಕು ಅಂತ. ಪಾಪ, ಇವತ್ತಿನದೆಲ್ಲಾನೂ ಎತ್ತಿಡಿಸಿ ಕಳಿಸಿದಾನೆ."

ನೆಲ ಬಾಯಿಬಿಡಬಾರದೇ ಅನ್ನಿಸಿತು ಬೆರಳಕ್ಕನಿಗೆ. ಹಳದಿ ಬೆಳಕಿನಲ್ಲಿ ಮರಿಗಳು ಚಿಲಿಪಿಲಿಗುಟ್ಟುತ್ತ ಒಂದರ ಮೇಲೊಂದು ಬಿದ್ದು ಮೇವು ಕುಕ್ಕುತ್ತಿದ್ದವು. ಅಲ್ಲೇ, ಆಗಲೇ ಬಾಯಿಬಿಟ್ಟಿದ್ದರೆ ಮಾರನೇ ದಿನ ಅಷ್ಟನ್ನೂ ಬದಲಾಯಿಸಬಹುದಿತ್ತು. ಆದರೆ ಬದಲಾಯಿಸುವುದು ಅಂದರೆ ಏನು? ಹುಂಜಗಳೆಲ್ಲ ವಾಪಸು ಆ ಕೋಣೆಗೆ. ತನ್ನ ಕೈಯಾರೆ ಉಳಿಸಿದವನ್ನು, ಗಂಡನ ಹೆಸರು ಹೇಳಿ ಉಳಿಸಿದವನ್ನು. "ಚೆನ್ನಾಗಿವೆ" ಅಂದಳು. ಅದು ಸುಳ್ಳೂ ಅಲ್ಲ, ಮರಿಗಳು ಚೆನ್ನಾಗಿಯೇ ಇದ್ದವು. ನಾಳೆ ಹೇಳುತ್ತೇನೆ ಅಂದುಕೊಂಡಳು. ನಾಳೆ, ನಾಳಿದ್ದು ಅನ್ನುತ್ತಲೇ ವಾರಗಳು ಉರುಳಿದವು.

ಸೂಜಿ ಆ ಮರಿಗಳನ್ನು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಸಾಕಿದಳು. ಬೆನ್ನುನೋವು ಮರೆತು ನೀರು ಹೊತ್ತಳು, ಚಳಿಗೆ ಗೋಣಿ ಕಟ್ಟಿದಳು, ಒಂದು ಮರಿ ಮಂಕಾದರೆ ತಾನೂ ಮಂಕಾದಳು. ಗರಿ ಬಲಿಯಿತು, ಕಾಲು ಉದ್ದವಾಯಿತು. ಆಮೇಲೆ ಅರ್ಧದಷ್ಟು ಕೋಳಿಗಳ ತಲೆಯ ಮೇಲೆ ಜುಟ್ಟು ಕೆಂಪಗೆ ದಪ್ಪಗೆ ಎದ್ದಿತು. ಸೂಜಿ ಮೊದಲು ನಂಬಲಿಲ್ಲ. ಒಳ್ಳೇ ಮೇವು, ಅದಕ್ಕೇ ಬಣ್ಣ ಬಂದಿದೆ ಅಂದಳು. ಒಂದು ಬೆಳಗ್ಗೆ ಶೆಡ್ಡಿನ ಮೂಲೆಯಿಂದ ಒಡಕು ಗಂಟಲಲ್ಲಿ ಒಂದು ಕೂಗಿತು. ಅದಕ್ಕೆ ಇನ್ನೊಂದು ಉತ್ತರ ಕೊಟ್ಟಿತು. ಸ್ವಲ್ಪ ಹೊತ್ತಿಗೆ ಇಡೀ ಶೆಡ್ಡೇ ಕೂಗತೊಡಗಿತು. ಬೀದಿಯ ಜನ ಕಿಟಕಿ ತೆಗೆದು ನಕ್ಕರು. ಸೂಜಿ ಮೇವಿನ ಬಕೆಟ್ಟನ್ನು ಅಲ್ಲೇ ಬಿಟ್ಟು ಕುಕ್ಕರುಗಾಲಲ್ಲಿ ಕೂತುಬಿಟ್ಟಳು.

ಸಾಲಮೂಲ ಮಾಡಿ ತಂದ ಮೇವಿನಲ್ಲಿ ಅರ್ಧಕ್ಕರ್ಧ ಹುಂಜಗಳ ಹೊಟ್ಟೆ ಸೇರಿತ್ತು. ಒಂದಕ್ಕೊಂದು ಕಾದಾಡಿ, ಹೇಂಟೆಗಳನ್ನೂ ಕುಕ್ಕಿ ರಕ್ತ ಮಾಡಿದ್ದವು. ಬೇಕರಿಯವನು ಬಂದು ನೋಡಿ, ಇಷ್ಟೇ ಹೇಂಟೆಯಿಂದ ನನ್ನ ಲೆಕ್ಕ ತುಂಬದು, ಇದಾಗದ ಕೆಲಸ ತಂಗಿ ಅಂತ ಹೊರಟುಹೋದ. ಆದರೆ ಸೂಜಿ ಅಕ್ಕನಿಗೆ ಒಂದು ಮಾತು ಅನ್ನಲಿಲ್ಲ. ಬದಲಿಗೆ ಅವಳ ಪಕ್ಕದಲ್ಲಿ ಕೂತು ಮೆಲ್ಲಗೆ ಕೇಳಿದಳು, "ಅಕ್ಕಾ, ನಿಂಗೆ ಕಣ್ಣು ಕಾಣಿಸ್ತಾ ಇಲ್ಲ ಅಲ್ವಾ? ಭಾವ ಹೋದಾಗಿಂದ ಅತ್ತು ಅತ್ತು ಹೀಗಾಗಿದೆ. ನನ್ನ ಹತ್ರಾನೂ ಮುಚ್ಚಿಡ್ತೀಯಾ?"

ಬೆರಳಕ್ಕ ತಲೆ ತಗ್ಗಿಸಿದಳು. ತಗ್ಗಿಸಿದ ತಲೆಯನ್ನು ತಂಗಿ ಹೌದು ಅಂತ ಓದಿಕೊಂಡಳು. ಬಾಯಿಂದ ಸುಳ್ಳು ಬರಲಿಲ್ಲವಲ್ಲ, ಶೀಲ ಮುರಿಯಲಿಲ್ಲವಲ್ಲ ಅಂತ ಬೆರಳಕ್ಕ ಒಳಗೊಳಗೇ ಲೆಕ್ಕ ಹಾಕಿದಳು. ಅಯ್ಯೋ, ಶೀಲಕ್ಕೂ ವಕೀಲಿ ಮಾಡುವ ಬುದ್ಧಿ ಬಂದರೆ ಮನುಷ್ಯರ ಗತಿ ಏನು!

ಬೀದಿಯವರು ಬೇಲಿಯೇ ಎದ್ದು ಹೊಲ ಮೇಯ್ತಲ್ಲ ಅಂತ ಆಡಿಕೊಂಡರೆ ಸೂಜಿ ಅವರ ಮೇಲೆ ಹರಿಹಾಯ್ದಳು. "ನಮ್ಮಕ್ಕ ಬೇಕು ಅಂತ ಮಾಡಿದ್ಲಾ? ಕಣ್ಣು ಹೋಗ್ತಿದೆ ಅವಳಿಗೆ! ನಾಲಿಗೆ ಮೇಲೆ ಹಿಡಿತ ಇರ್ಲಿ!" ಹ್ಯಾಚರಿಗೇ ಹೋಗಿ ಮೇಸ್ತ್ರಿಯ ಜೊತೆಯೂ ಜಗಳ ತೆಗೆದಳು, ಆ ಸುಡುವ ದೀಪದ ಕೆಳಗೆ ಅಷ್ಟು ವರ್ಷ ದುಡಿಸಿ ಕಣ್ಣು ತೆಗೆದಿರಿ, ಈಗ ಬೀದಿಗೆ ಹಾಕಿದರೆ ನೋಡಿ ಮತ್ತೆ, ಅಂದಳು. ಮೇಸ್ತ್ರಿ ಕೆಟ್ಟವನಲ್ಲ. ಬೆರಳಕ್ಕನ ಗಂಡನ ಜೊತೆ ಟೀ ಕುಡಿದವನು. ಯೋಚಿಸಿ, ಮಾಲೀಕನ ಹತ್ತಿರ ಮಾತಾಡಿ, ಮಾರನೇ ದಿನ ಬೆರಳಕ್ಕನನ್ನು ಕರೆದು ಬಹಳ ಮೆತ್ತಗೆ ಹೇಳಿದ.

"ಕೆಲಸ ಹೋಗಲ್ಲ, ಹೆದರ್ಬೇಡಿ. ಸಂಬಳಾನೂ ಅಷ್ಟೇ. ಕಣ್ಣಿಗೆ ತ್ರಾಸಿಲ್ಲದ ಕಡೆ ಹಾಕಿದೀನಿ. ಪಕ್ಕದ ಕೋಣೆ. ಕ್ರೇಟು ಎತ್ತಿ ಸುರಿಯೋದು, ಬಟನ್ ಒತ್ತೋದು. ಕತ್ತಲಲ್ಲೂ ಮಾಡಬಹುದು."

ಅವಳು ಆ ಕೋಣೆಗೆ ಹೋದಳು. ಸಿಮೆಂಟಿನ ನೆಲ, ಮೂಲೆಯಲ್ಲಿ ನೀರಿನ ಪೈಪು, ಗೋಡೆಗೆ ನೇತುಹಾಕಿದ ರಬ್ಬರಿನ ಏಪ್ರನ್ನು. ಮೊದಲ ಕ್ರೇಟು ಬಂತು. ಒಳಗೆ ಮರಿಗಳು ಚಿಲಿಪಿಲಿಗುಟ್ಟುತ್ತಿದ್ದವು, ತಂಗಿಯ ಶೆಡ್ಡಿನಲ್ಲಿ ಮೊದಲ ದಿನ ಸದ್ದು ಮಾಡಿದ ಹಾಗೆಯೇ. ಬೆರಳಕ್ಕ ಕ್ರೇಟನ್ನು ಎತ್ತಿದಳು, ಯಂತ್ರದ ಬಾಯಿಯವರೆಗೂ ತಂದಳು. ಸುರಿಯಲಾಗಲಿಲ್ಲ. ಕೆಳಗಿಟ್ಟು, ಅದರ ಪಕ್ಕದಲ್ಲೇ ಒದ್ದೆ ನೆಲದ ಮೇಲೆ ಕೂತು, ಗಂಡ ಸತ್ತಾಗ ಅತ್ತದ್ದಕ್ಕಿಂತ ಜೋರಾಗಿ ಅತ್ತಳು.

ಮೇಸ್ತ್ರಿ ಓಡಿಬಂದ.

"ನನ್ನ ಕಣ್ಣು ಚೆನ್ನಾಗಿದೆ" ಅಂದಳು. "ಎಲ್ಲಾ ಕಾಣಿಸುತ್ತೆ. ಬೇಕು ಅಂತಾನೇ ಹುಂಜಗಳನ್ನ ಆ ಕಡೆ ಹಾಕ್ತಿದ್ದೆ. ತಿಂಗಳುಗಟ್ಟಲೆ ಹಾಕಿದೀನಿ."

ಅವನು ಮೊದಲು ನಂಬಲಿಲ್ಲ, ದುಃಖಕ್ಕೆ ತಲೆ ಕೆಟ್ಟಿದೆ ಅಂದುಕೊಂಡ. ನಂಬಿದ ಮೇಲೆ ಬೈಯಲೂ ಇಲ್ಲ. "ನಿಮ್ಮ ಹೆಸರಿನ ಮೇಲೆ ಈ ಹ್ಯಾಚರಿ ನಡೀತಿತ್ತು ಕಣ್ರಿ" ಅಂದ. ಆ ಕ್ರೇಟನ್ನು ತಾನೇ ಎತ್ತಿ ಸುರಿದ. ಅವಳು ಏಪ್ರನ್ನು ಬಿಚ್ಚಿ ಗೋಡೆಗೆ ಹಾಕಿ ಹೊರಗೆ ಬಂದಳು.

ಮನೆಗೆ ಹೋಗುವ ಮುಂಚೆ ಟೈರ್ ಅಂಗಡಿಯ ಮಹಡಿ ಹತ್ತಿ ಭಿಕ್ಷುಣಿಗೆ ಎಲ್ಲ ಹೇಳಿದಳು. ಆ ಮುದುಕಿ ಬುದ್ಧಿ ಹೇಳಲಿಲ್ಲ. ಅವಳ ಕಣ್ಣಲ್ಲೂ ನೀರಿತ್ತು. "ನೀನು ಬರೋದು ಕಡಿಮೆ ಮಾಡ್ದಾಗಲೇ ನಾನು ಹುಡುಕಿಕೊಂಡು ಬರ್ಬೇಕಿತ್ತು" ಅಂದಳು. "ನಿನ್ನ ಮನಸ್ಸಲ್ಲಿದ್ದದ್ದು ಕರುಣೆ, ಅದು ಸುಳ್ಳಲ್ಲ. ಆದ್ರೆ ಅದನ್ನ ಕತ್ತಲಲ್ಲಿಟ್ಟು ಸಾಕಿದೆ. ಹೋಗು, ತಂಗಿಗೆ ಬೇರೆಯವರು ಹೇಳೋ ಮುಂಚೆ ನೀನೇ ಹೇಳು."

ಹೇಳಿದಳು. ಶೆಡ್ಡಿನ ಬಾಗಿಲಲ್ಲಿ ನಿಂತು, ಒಂದೂ ಮುಚ್ಚಿಡದೆ ಹೇಳಿದಳು. ಸೂಜಿ ಕೈಯಲ್ಲಿದ್ದ ನೀರಿನ ಚೊಂಬನ್ನು ಹಿಡಿದುಕೊಂಡೇ ಕೇಳಿದಳು.

"ಆ ದಿನ ರಾತ್ರಿ ಮರಿ ನೋಡಿದಾಗ ನಿಂಗೆ ಗೊತ್ತಿತ್ತಾ?"

"ಗೊತ್ತಿತ್ತು."

"ನಾನು ಬೀದೀಲಿ ನಿಂತು ನಿನ್ನ ಕಣ್ಣಿಗೋಸ್ಕರ ಜನರ ಜೊತೆ ಕಿತ್ತಾಡ್ತಿದ್ದಾಗ?"

"ಆಗಲೂ."

ಸೂಜಿ ತಲೆಯಾಡಿಸಿದಳು. "ಪುಣ್ಯ ನಿಂಗೆ, ನಷ್ಟ ನಂಗೆ. ಚೆನ್ನಾಗಿದೆ ಅಕ್ಕ ನಿನ್ನ ಹಂಚಿಕೆ" ಅಂದಳು. ಚೊಂಬನ್ನು ನೆಲಕ್ಕಿಟ್ಟು, ಆ ರಾತ್ರಿಯೇ ಕಟುಕನಿಗೆ ಹೇಳಿ ಕಳಿಸಿದಳು.

ಬೆಳಗ್ಗೆ ಕಟುಕನ ವ್ಯಾನು ಬಂತು. ಮೂಳೆ ಚಕ್ಕಳದ ಹುಂಜಗಳಿಗೆ ಯಾರೂ ದುಡ್ಡು ಕೊಡುವವರಿಲ್ಲ. ನಾಯಿಗಳ ಆಹಾರಕ್ಕೆ ಆಗುತ್ತೆ, ಸುಮ್ಮನೆ ಒಯ್ಯುತ್ತೇನೆ ಅಂದಿದ್ದ. ಸೂಜಿ ಒಬ್ಬಳೇ ಹಿಡಿದಳು. ಅಕ್ಕ ಕೈಹಾಕಲು ಬಂದರೆ ಅಡ್ಡ ನಿಂತಳು. ಹುಟ್ಟಿದ ದಿನ ಅಂಗೈಯಲ್ಲಿ ಕಣ್ಣು ಮುಚ್ಚಿದ್ದ ಜೀವಗಳಿಗೆ ಈಗ ಭಯ ಅಂದರೆ ಏನಂತ ಗೊತ್ತಿತ್ತು. ರೆಕ್ಕೆ ಬಡಿದವು, ಕಿರುಚಿದವು, ಸೂಜಿಯ ತೋಳನ್ನೆಲ್ಲ ಪರಚಿದವು. ಬೆರಳಕ್ಕ ಅದನ್ನು ನಿಂತು ನೋಡಿದಳು. ತಾನು ಇವಕ್ಕೆ ಕೊಟ್ಟದ್ದು ಇಷ್ಟೇ ದಿನ, ಅದೂ ಇಂಥ ಕೊನೆಗೆ ಅನ್ನುವುದು ಅವಳಿಗೆ ಆಗ ಅರ್ಥವಾಯಿತು.

ಕಟುಕನಿಗೆ ಏನನ್ನಿಸಿತೋ, ಬುಟ್ಟಿ ಮುಚ್ಚುವ ಮುಂಚೆ ಹೇಳಿದ, "ಒಂದನ್ನ ಇಟ್ಕೊಳ್ಳಿ ಬೇಕಾದ್ರೆ. ಮನೆ ಅಂದ್ಮೇಲೆ ಒಂದು ಹುಂಜ ಇರ್ಲಿ. ಯಾವುದನ್ನ ಬಿಡ್ಲಿ?"

"ಅಕ್ಕನ್ನ ಕೇಳಿ" ಅಂದಳು ಸೂಜಿ. "ಯಾರು ಉಳೀಬೇಕು, ಯಾರು ಸಾಯ್ಬೇಕು ಅಂತ ಆರಿಸೋಕೆ ಅವಳಿಗಿಂತ ಚೆನ್ನಾಗಿ ಯಾರಿಗೆ ಬರುತ್ತೆ?"

ಬೆರಳಕ್ಕ ಬುಟ್ಟಿಯ ಹತ್ತಿರ ಬಂದಳು. ಅಷ್ಟೂ ಕಣ್ಣುಗಳು ಅವಳನ್ನೇ ನೋಡುತ್ತಿದ್ದವು. ಕೈ ಮುಂದೆ ಚಾಚಿದಳು, ಹಿಂದೆ ತೆಗೆದುಕೊಂಡಳು. ಮತ್ತೆ ಚಾಚಿದಳು. ಒಂದನ್ನು ಮುಟ್ಟಿದರೆ ಉಳಿದವನ್ನೆಲ್ಲ ತಾನೇ ಕಳಿಸಿದ ಹಾಗೆ. ಕಟುಕ ಸ್ವಲ್ಪ ಹೊತ್ತು ಕಾದು, ಬಿಸಿಲೇರುತ್ತಿದೆ ಅಂತ ಬುಟ್ಟಿ ಮುಚ್ಚಿ ಹೊರಟುಹೋದ.

ಸೂಜಿ ಶೆಡ್ಡಿನೊಳಗೆ ಹೋಗಿ ತಗಡಿನ ಬಾಗಿಲು ಎಳೆದುಕೊಂಡಳು. ಒಳಗಿಂದ ಅವಳ ಅಳು ಕೇಳಿಸಿತು. ಗಂಡ ಬಿಟ್ಟುಹೋದಾಗಲೂ ಹಾಗೆ ಅತ್ತವಳಲ್ಲ ಅವಳು. ಬೆರಳಕ್ಕ ಬಾಗಿಲಿನ ಹೊರಗೆ ಕೂತಳು. "ಪುಟ್ಟಾ" ಅಂತ ಒಂದು ಸಲ ಕರೆದಳು. ಅಳು ನಿಂತಿತು. ಆ ಬಾಗಿಲಿಗೆ ಚಿಲಕವೇ ಇರಲಿಲ್ಲ, ತಳ್ಳಿದರೆ ತೆರೆಯುತ್ತಿತ್ತು. ಹೊರಗಿನವಳು ತಳ್ಳಲಿಲ್ಲ, ಒಳಗಿನವಳು ತೆರೆಯಲಿಲ್ಲ, ಮಧ್ಯಾಹ್ನದವರೆಗೂ ಅಕ್ಕತಂಗಿಯರು ಹಾಗೆಯೇ ಕೂತಿದ್ದರು.